ಮೂವತ್ತೊಂಬತ್ತನೆಯ ಹಾಳೆ

"ಇದು ನಾನು ಹೇಳಿದ್ದಲ್ಲ!" ಸಾಕ್ಷಿ ಕಟಕಟೆಯಲ್ಲಿ ನಿಂತ ನರ್ಸಮ್ಮ ಕಡತವನ್ನು ಮುಂದೆ ಚಾಚಿದಳು. "ಸಹಿ ನಂದೇ. ಹೇಳಿಕೆ ನಂದಲ್ಲ."

ಆಸ್ಪತ್ರೆಗೆ ಆಮ್ಲಜನಕ ಯಂತ್ರ ಕೊಳ್ಳುವಾಗ ಲಂಚ ನಡೆದಿದೆ ಎಂಬುದು ಅವಳ ದೂರು. ಅಂಥದೊಂದು ಯಂತ್ರ ಕೈಕೊಟ್ಟು ಅವಳ ಸ್ವಂತ ಅಕ್ಕ ಶಸ್ತ್ರಚಿಕಿತ್ಸೆಯ ಮೇಜಿನ ಮೇಲೇ ಸತ್ತಿದ್ದಳು. ಎರಡು ವರ್ಷವಾದರೂ ಮೊಕದ್ದಮೆ ದಾಖಲಾಗಿರಲಿಲ್ಲ. ಬರೀ ಪ್ರಾಥಮಿಕ ವಿಚಾರಣೆ! ಹಿಂದಿನ ನ್ಯಾಯಾಧೀಶರು ಬೇಸತ್ತು ತಿಂಗಳಿಗೊಮ್ಮೆ ಕಡತ ತರಿಸಿ ನೋಡತೊಡಗಿದ್ದರು. ಕಡತದಲ್ಲಿ ಹೊಸ ಹಾಳೆ ಮೇಲಕ್ಕೆ ಬರುತ್ತದೆ. ನೋಡಿದ ಗುರುತಿಗೆ ಅದರ ಮೇಲೆ ಹಿತ್ತಾಳೆ ಮೊಹರು ಹಾಕುವುದು ಗುಮಾಸ್ತನಾದ ನನ್ನ ಕೆಲಸ. ತಿಗಣೆ ಹೊಸಕಿದ ಹಾಗೆ ಒತ್ತುತ್ತೇನೆಂದು ಕಚೇರಿಯವರೆಲ್ಲ ಗೇಲಿ ಮಾಡುತ್ತಾರೆ.

ಹಿಂದಿನ ನ್ಯಾಯಾಧೀಶರಿಗೆ ವರ್ಗವಾಗಿ, ಈ ನ್ಯಾಯಾಧೀಶೆ ಬಂದು ವಾರವಾಗಿತ್ತಷ್ಟೆ. ಈಗ ನರ್ಸಮ್ಮನ ಹೇಳಿಕೆಯೆಂದು ಕಡತದ ಮೂವತ್ತೊಂಬತ್ತನೆಯ ಹಾಳೆ ಹೇಳುತ್ತಿತ್ತು— ಯಂತ್ರಗಳು ಸರಿಯಿದ್ದವು, ಅಕ್ಕ ಸತ್ತ ಸಿಟ್ಟಿಗೆ ದೂರು ಕೊಟ್ಟೆ. ಅದನ್ನು ಒಪ್ಪಿದರೆ ಕಡತ ಇವತ್ತೇ ಮುಚ್ಚುತ್ತದೆ.

"ಖಾಲಿ ಹಾಳೆಗೂ ಸಹಿ ಹಾಕಿಸ್ಕೊಂಡ್ರು. ಹಾಜರಾತಿಗೆ ಅಂದ್ರು," ಎಂದಳು ನರ್ಸಮ್ಮ.

ಹೇಳಿಕೆ ಬರೆದುಕೊಂಡಿದ್ದ ವಿಚಾರಣಾಧಿಕಾರಿ ಹಲ್ಲು ಕಿರಿದ. "ಶುದ್ಧ ಸುಳ್ಳು ಮೇಡಂ. ಮೊದಲಿಂದ್ಲೂ ಇದೇ ಹಾಳೆ ಇದ್ದದ್ದು."

"ಬೇರೆ ಯಾರಾದ್ರೂ ಬದಲಾಯಿಸಿರಬಹುದಾ? ನಿಮ್ಮ ಸಿಬ್ಬಂದಿ? ನಮ್ಮ ಗುಮಾಸ್ತರು?" ಎಂದರು ನ್ಯಾಯಾಧೀಶೆ.

ನಾನು ತಲೆ ಎತ್ತಿ ಅಧಿಕಾರಿಯ ಕಡೆ ನೋಡಿದೆ.

"ಸಾಧ್ಯವೇ ಇಲ್ಲ. ಮೊಹರು ಬಿದ್ದ ಕೂಡ್ಲೇ ನಾನೇ ಒಯ್ತೀನಿ. ಬೀರು ಕೀಲಿ ನನ್ನ ಜೇಬಲ್ಲೇ ಇರತ್ತೆ."

ನ್ಯಾಯಾಧೀಶೆ ಕಡತ ತರಿಸಿಕೊಂಡು ಹಾಳೆಗಳ ಮೇಲೆ ಬೆರಳಾಡಿಸಿದರು. "ಹೋದ ತಿಂಗಳ ಮೊಹರು ನಲವತ್ತರ ಮೇಲಿದೆ, ಅಲ್ವಾ?"

"ಹೌದು ಮೇಡಂ," ಎಂದೆ.

"ಎಂಥಾ ಕೈರೀ ನಿಮ್ದು! ನಲವತ್ತರಲ್ಲಿ ತಗ್ಗು ಬಿದ್ದಿದೆ. ಕೆಳಗೆ ಮೂವತ್ತೆಂಟರಲ್ಲೂ ಅದೇ ಜಾಗದಲ್ಲಿದೆ. ನಡುವಿನ ಮೂವತ್ತೊಂಬತ್ತು ಮಾತ್ರ ನುಣ್ಣಗಿದೆ. ಮೊಹರು ಬಿದ್ದಾಗ ಈ ಹಾಳೆ ಇಲ್ಲಿರಲೇ ಇಲ್ಲ." ಅವರು ಅಧಿಕಾರಿಯ ಕಡೆ ತಿರುಗಿದರು. "ಆಮೇಲೆ ಸೇರಿಸಿದ್ದು ನೀವು. ಕೀಲಿ ಯಾರ ಹತ್ರ ಇತ್ತು ಅಂತ ನಿಮ್ಮ ಬಾಯಲ್ಲೇ ಬಂತು."

ಅವನ ಮುಖ ಬಿಳಿಚಿಕೊಂಡಿತು. ಇವತ್ತೇ ಮೊಕದ್ದಮೆ ದಾಖಲಾಗಬೇಕು, ಆರೋಪಿಗಳಲ್ಲಿ ಇವನೂ ಒಬ್ಬ ಎಂದು ಆದೇಶವಾಯಿತು. ನರ್ಸಮ್ಮ "ಅಕ್ಕಾ" ಎಂದು ಅಲ್ಲೇ ಕುಸಿದು ಅತ್ತಳು.

ಅವನು ನನ್ನ ಮೇಜಿಗೆ ಬಗ್ಗಿ ಪಿಸುಗುಟ್ಟಿದ: "ಸ್ವಲ್ಪ ಮೆತ್ತಗೆ ಒತ್ತಿದ್ರೆ ನಿಮ್ಮಪ್ಪನ ಗಂಟೇನು ಹೋಗ್ತಿತ್ರೀ?"

ಒಂದು ಹೆಣ ಬಿದ್ದಿದೆ. ಇವನ ಕೊರಗು ನನ್ನ ಕೈಯ ಭಾರದ್ದು! ಆದೇಶದ ಪ್ರತಿಯನ್ನು ಎಳೆದುಕೊಂಡು, ಮೇಜು ಅದುರುವ ಹಾಗೆ ಮೊಹರು ಒತ್ತಿದೆ.