ಬೇಚಿರಾಗ

ಹೋದ ಚೈತ್ರದ ಒಂದು ಮಂಗಳವಾರ, ಬಿಸಿಲು ನೆತ್ತಿಗೇರಿದ ಹೊತ್ತು. ಊರಿನ ಕಂದಾಯದ ಲೆಕ್ಕ ಬರೆಯುವ ತಲಾಠಿ ಯೋಗಿರಾಜ ಸಾಕ್ಷಿಗೆಂದು ನನ್ನನ್ನು ಕರಜಗಿಯಾಚೆಯ ಸಂಗನವಾಡಿಗೆ ಕರೆದೊಯ್ದ. ಅದು ನಾನು ಹುಟ್ಟಿದ ಊರು; ಜನ ಬಿಟ್ಟು ನಲವತ್ತು ವರ್ಷವಾಯಿತು. ನಾನು ಸಹಿ ಮಾಡಿದರೆ ದಫ್ತರದಲ್ಲಿ ಅದರ ಮುಂದೆ ‘ಬೇಚಿರಾಗ’ ಎಂದು ಬರೆಯುತ್ತಾರೆ. ‘ಚಿರಾಗ’ ಎಂದರೆ ದೀಪ; ‘ಬೇಚಿರಾಗ’ ಎಂದರೆ ದೀಪವಿಲ್ಲದ ಊರು. ಆಮೇಲೆ ನಕಾಶೆಯಲ್ಲೂ ಅದರ ಹೆಸರು ಇರುವುದಿಲ್ಲ.

“ಸಹಿ ಹೊಡೀರಿ ಆಯಿ. ಹಾವು ಚೇಳಿಗೆ ಯಾತರ ಪಂಚಾಯ್ತಿ?” ಎಂದು ನಕ್ಕ.

“ಮೊದಲ ಒಳಗ ನೋಡ್ರಿ ಸಾಹೇಬ್ರ,” ಎಂದೆ.

ಸೂರಿಲ್ಲದ ಮೊದಲ ಮನೆಯ ನೆಲ ಆ ಬಿಸಿಲಲ್ಲೂ ತಣ್ಣಗಿತ್ತು. ನೆರಳಿನ ಗೋಡೆಯಲ್ಲಿದ್ದ ದೀಪದ ಗೂಡಿಗೆ ಕೈಯಿಟ್ಟ ಯೋಗಿರಾಜ ಚಟ್ಟನೆ ಹಿಂದೆಗೆದ. ಗೂಡು ಸುಡುತ್ತಿತ್ತು. ಬೆರಳಿಗೆ ಹಸಿ ಮಸಿ ಹತ್ತಿತ್ತು, ಕುಸುಬಿ ಎಣ್ಣೆಯ ವಾಸನೆ ಬರುತ್ತಿತ್ತು. ಎರಡನೆಯ ಮನೆಯಲ್ಲೂ ಹಾಗೇ. ಮೂರನೆಯದು ನಮ್ಮದು, ಅದರೊಳಗೆ ಅವನು ಬರಲೇ ಇಲ್ಲ.

“ಕುರಿ ಕಾಯೋರು ಹಚ್ಚಿರಬೇಕ್ರಿ,” ಎಂದ.

“ಹಂಗಾರ ದೀಪ ಐತಲ್ಲ! ನಾ ಸಹಿ ಮಾಡಂಗಿಲ್ಲ, ಏನ್ ಮಾಡ್ಕೋತೀರಿ ಮಾಡ್ಕೋರಿ.”

ಅವನು ಸಿಟ್ಟಿಗೆದ್ದು, ಕಟ್ಟೆಯ ಮೇಲೆ ಕೂತು, ಕಾಗದದ ಮೇಲೆ ‘ಬೇಚಿರಾಗ’ ಎಂದು ತಾನೇ ಬರೆದು ನನ್ನ ಮುಂದೆ ಹಿಡಿದ. ನಾನು ಎರಡನೇ ಇಯತ್ತೆ ಕಲಿತವಳು, ಒಂದೊಂದೇ ಅಕ್ಷರ ಕೂಡಿಸಿ ಓದಿದೆ.

“‘ಚಿರಾಗ’ ಅಂತ ಐತಿ. ‘ಬೇ’ ಎಲ್ಲೈತ್ರಿ?”

ಅವನು ನೋಡಿದ. ಮತ್ತೆ ಬರೆದ. ಮೂರು ಸಲ ಬರೆದರೂ ಮೊದಲ ಅಕ್ಷರದ ಜಾಗದಲ್ಲಿ ಎಣ್ಣೆಯ ಕಲೆಯಷ್ಟೇ ಇತ್ತು.

ಆ ಕಾಗದ ಇನ್ನೂ ಪಂಚಾಯಿತಿಯ ಕಪಾಟಿನಲ್ಲಿದೆ. ಯೋಗಿರಾಜ ಬದಲಿ ಕೇಳಿಕೊಂಡು ಅದೇ ಶುಕ್ರವಾರ ಸೋಲಾಪುರಕ್ಕೆ ಹೊರಟುಹೋದ.