ಮೂಲೆ ಕತ್ತರಿಸಿದ ಲಗ್ನಪತ್ರಿಕೆ

“ಯಾರು ಸತ್ತಾರ ಬೇ ಈ ಮನ್ಯಾಗ?”

ಗುರುಸಿದ್ದವ್ವನ ದನಿ ಕೇಳಿ ಮುರಿಗೆವ್ವನ ಕೈಯಲ್ಲಿದ್ದ ಬಣ್ಣದ ಬಟ್ಟಲು ನೆಲಕ್ಕೆ ಬಿತ್ತು. ಅತ್ತೆಯ ಕೈಯಲ್ಲಿ ನಾದಿನಿ ಶಂಕ್ರೆವ್ವನ ಲಗ್ನಪತ್ರಿಕೆಗಳ ಕಟ್ಟಿತ್ತು. ಆ ಮುಖದಲ್ಲಿ ಸಿಟ್ಟಿದ್ದರೆ ಸೊಸೆ ಇಷ್ಟು ನಡುಗುತ್ತಿರಲಿಲ್ಲ; ಅತ್ತೆಯ ಸಿಟ್ಟು ಅವಳಿಗೆ ದಿನದ ರೊಟ್ಟಿಯಷ್ಟೇ ರೂಢಿ. ಇವತ್ತು ಅಲ್ಲಿದ್ದದ್ದು ಹೆದರಿಕೆ. ಗುರುಸಿದ್ದವ್ವನೂ ಹೆದರುತ್ತಾಳೆ ಎಂಬುದು ಆ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ.

“ಈ ಮೂಲಿ ಯಾರು ಕತ್ತರಿಸಿದ್ದು?”

“ನಾನ ರೀ ಅತ್ತಿ... ಮೂಲಿಗೆ ಹಚ್ಚಿದ್ದ ಅರಿಷಿಣ ಒಂದರಾಗ ಹರಡಿ ಹೊಲಸಾಗಿತ್ರಿ... ಕತ್ತರಿಸಿದ ಮ್ಯಾಲೆ ಚಂದ ಕಾಣ್ತು. ಅದಕ್ಕ ಎಲ್ಲಾವ್ನೂ ಹಂಗ ಮಾಡಿದ್ನಿರಿ.”

“ಅಯ್ಯ ಖೋಡಿ! ಮೂಲಿ ಹರದ ಕಾಗದ ಅಂದ್ರ ಸಾವಿನ ಕಾಗದ! ಅಷ್ಟೂ ತಿಳೀಲಿಲ್ಲೇನ ನಿನಗ?”

ತಿಳಿದಿರಲಿಲ್ಲ. ಅರಕೇರಿಯ ತವರಿಗೆ ಟಪಾಲಿನವನು ಎಂದೂ ಬಂದವನಲ್ಲ. ಒಳ್ಳೆಯದೂ ಕೆಟ್ಟದ್ದೂ ನಡೆದು ಬರುವವರ ಬಾಯಲ್ಲೇ ಬರುತ್ತಿತ್ತು. ಹೇಳಿಕೊಡಬೇಕಾಗಿದ್ದ ತಾಯಿ ಚಿಕ್ಕಂದಿನಲ್ಲೇ ತೀರಿಕೊಂಡಿದ್ದಳು. ಲಡಾಯಿಯ ದೆಸೆಯಿಂದ ವಿಜಾಪುರದ ಛಾಪಖಾನೆಗಳಲ್ಲಿ ಕಾಗದವೇ ಇಲ್ಲದಾಗ, ಉಳಿದುಬಳಿದ ಹಾಳೆಗಳನ್ನು ಒಟ್ಟುಮಾಡಿ ಮುರಿಗೆವ್ವನೇ ಪತ್ರಿಕೆ ಬರೆದಳು. ಒಳಗೆ ಅರಗಿನ ಕೆಂಪಿನಲ್ಲಿ ಮಲ್ಲಿಗೆ ಬಳ್ಳಿ, ಅದರ ನಡುವೆ ದುಂಡಗಿನ ಅಕ್ಷರ. ಮಡಿಚಿ ಗೋಂದು ಹಚ್ಚಿದರೆ ಹೊರಗೆ ಬರೀ ವಿಳಾಸ. “ಬರೋಬರಿ ಅದಾವ” ಎಂದಿದ್ದಳು ಗುರುಸಿದ್ದವ್ವ. ಆ ಬಾಯಿಂದ ಅಷ್ಟು ಬಂದರೆ ಊರೆಲ್ಲ ಡಂಗುರ ಸಾರಬಹುದು! ಆ ಹೊಗಳಿಕೆಯ ಹುರುಪಿನಲ್ಲೇ ಹುಡುಗಿ ಒಂದೊಂದು ಮೂಲೆಯನ್ನೂ ಹೂವಿನ ಎಸಳಿನ ಹಾಗೆ ಕತ್ತರಿಸಿದ್ದಳು.

“ಬಬಲೇಶ್ವರದ ಬೀಗರಿಗೆ ನಿಮ್ಮ ಮಾವ ಕೈಯಾಗ ಒಯ್ದಾರ, ಬಾಯಿಲೆ ಹೇಳ್ತಾರ. ತಿಕೋಟಾದ್ದು ಎಲ್ಲೈತಿ?”

“ಅದು... ಮೊನ್ನೆ ಟಪಾಲಿಗೆ ಹೋಗೇತ್ರಿ.”

ಗುರುಸಿದ್ದವ್ವ ಗೋಡೆ ಹಿಡಿದು ಕುಳಿತಳು. ತಿಕೋಟಾದಲ್ಲಿ ಅವಳ ಅಕ್ಕ ಲಕ್ಕವ್ವ ಇದ್ದಳು. ಅವಳ ಒಬ್ಬನೇ ಮಗ ಈರಯ್ಯ ಪಲ್ಟಣ ಸೇರಿ ಬ್ರಹ್ಮದೇಶದ ಕಡೆ ಹೋಗಿದ್ದ. ಮಳೆಗಾಲದಿಂದ ಅವನ ಸುದ್ದಿಯಿಲ್ಲ. ಮನೆಯಲ್ಲಿ ಅವನ ಬಸುರಿ ಹೆಂಡತಿ ಪರಸವ್ವ. ಅಲ್ಲಿಯ ಅತ್ತೆ ಸೊಸೆ ಇಬ್ಬರಿಗೂ ಓದು ಬಾರದು. ಆದರೆ ಹರಿದ ಮೂಲೆಯ ಅರ್ಥ ಯಾರೂ ಓದಿ ಹೇಳಬೇಕಾಗಿಲ್ಲವಲ್ಲ!

ಇಬ್ಬರನ್ನೂ ಹತ್ತಿಸಿಕೊಂಡು ಮಶಾಕಸಾಬನ ಟಾಂಗಾ ತಿಕೋಟಾ ದಾರಿ ಹಿಡಿಯಿತು. ಗುರುಸಿದ್ದವ್ವ ಒಮ್ಮೆ ಮಾತ್ರ ಬಾಯಿ ತೆರೆದಳು. “ನಮ್ಮಕ್ಕನ ಜೀವಕ್ಕ ಏನರ ಆಗಿತ್ತಂದ್ರ, ಅಲ್ಲಿಂದ ಸೀದಾ ಅರಕೇರಿಗೆ ನಡಿ. ನನ್ನ ಹೊಸ್ತಿಲಾ ತುಳೀಬ್ಯಾಡ.” ಮುರಿಗೆವ್ವ ತಲೆಯಾಡಿಸಿದಳು. ಹೊರಗೆ ಹಾಕುವ ಮಾತಿಗೆ ಅವಳು ಅಂಜಲಿಲ್ಲ. ಆ ಬಸುರಿಯ ಬಳೆಗಳನ್ನು ಈಗಾಗಲೇ ಒಡೆದಿದ್ದರೆ?... ಜೀವಂತ ಗಂಡನಿರುವವಳ ಹಣೆಯನ್ನು ತಾನು ಒರೆಸಿದಂತಾಯಿತಲ್ಲ! ಕುದುರೆ ನೀರು ಕುಡಿಯಲು ನಿಂತಾಗ ಅವಳಿಗೆ ಆ ಕುದುರೆಯ ಕಾಲು ಹಿಡಿಯಬೇಕೆನ್ನಿಸಿತು. ಊರು ಹತ್ತಿರವಾದಂತೆ ಕಿವಿ ಮುಚ್ಚಿಕೊಂಡಳು, ಅಳು ಕೇಳಿಸಿಬಿಟ್ಟೀತೆಂದು.

ಅಳುವಿರಲಿಲ್ಲ. ಅಂಗಳದಲ್ಲಿ ಪರಸವ್ವ ಜೋಳ ಹಸನು ಮಾಡುತ್ತಿದ್ದಳು. ಹಣೆಯಲ್ಲಿ ಕುಂಕುಮ, ಕೈತುಂಬ ಹಸಿರು ಬಳೆ.

“ಬರ್ರಿ ಸಣ್ಣತ್ತಿ. ಅತ್ತಿ ಒಳಗ ಅದಾರ.”

ಕಾಗದ ಇನ್ನೂ ಮುಟ್ಟಿಲ್ಲ! ಮುರಿಗೆವ್ವನಿಗೆ ಹೋದ ಉಸಿರು ಬಂದಂತಾಯಿತು. ಅಷ್ಟರಲ್ಲಿ ಲಕ್ಕವ್ವ ಬಂದು ಇಬ್ಬರನ್ನೂ ಒಳಕೋಣೆಗೆ ಎಳೆದುಕೊಂಡು ಹೋಗಿ ಕದ ಮುಂದೆ ಮಾಡಿದಳು. ಗಡಿಗೆಯ ಜೋಳದೊಳಗೆ ಕೈಯಿಟ್ಟು ತೆಗೆದಳು... ಅದೇ ಕಾಗದ! ಗೋಂದು ಕೂಡ ಬಿಚ್ಚಿರಲಿಲ್ಲ.

“ನನ್ನ ಈರ್ಯಾ ಹೋದ, ತಂಗಿ.”

ಕಣ್ಣಲ್ಲಿ ಒಂದು ಹನಿಯಿಲ್ಲ. “ಪರಸಿಗಿ ಗೊತ್ತಿಲ್ಲ. ಹೊಟ್ಟ್ಯಾಗ ಕೂಸೈತಿ, ಉಣ್ಣೂದು ಬಿಟ್ಟಾಳು. ಶಂಕ್ರಿ ಮದುವಿನೂ ನಿಲ್ಲಬಾರದು. ಓದಸಾಕ ಯಾರ ಕೈಗೂ ಕೊಟ್ಟಿಲ್ಲ. ಎಲ್ಲಾ ಮುಗೀಲಿ, ಆಮ್ಯಾಲೆ ಅಳೂಣು. ನೀ ಈಗ ಅಳಬ್ಯಾಡ.”

ಮಗನ ಸಾವನ್ನು ಜೋಳದಲ್ಲಿ ಹೂತು, ತಂಗಿಯ ಮಗಳ ಮದುವೆ ಕಾಯುತ್ತಿದ್ದ ಆ ತಾಯಿಯ ಕೈಯನ್ನು ಗುರುಸಿದ್ದವ್ವ ಹಿಡಿದುಕೊಂಡಳು. ಮುರಿಗೆವ್ವ ಕಾಲಿಗೆ ಬಿದ್ದಳು.

“ಅದು ಸಾವಿನ ಕಾಗದ ಅಲ್ರೀ! ಲಗ್ನದ್ದರೀ! ತಿಳೀಲಾರದ ನಾನ ಕತ್ತರಿಸೇನ್ರೀ... ನನ್ನ ಕೊಂದ ಹಾಕ್ರಿ!”

ಗೋಂದು ಕಿತ್ತು ಕಾಗದ ಬಿಡಿಸಿದಳು. ಕೆಂಪು ಬಳ್ಳಿ ಕಂಡಿತು. ಬಿಕ್ಕುತ್ತಲೇ ಓದಿದಳು: ವಧುವಿನ ಹೆಸರು, ವರನ ಹೆಸರು, ಕೊನೆಗೆ ‘ತಮ್ಮ ಬರವನ್ನು ಕಾಯುವ’ ಮನೆಯವರ ಹೆಸರು, ಅವುಗಳಲ್ಲಿ ಈರಯ್ಯನದೂ. ಲಕ್ಕವ್ವನ ಕೈ ಮೇಲೆದ್ದಿತು. ಮುರಿಗೆವ್ವ ಕಣ್ಣು ಮುಚ್ಚಿದಳು. ಹೊಡೆಯಲಿ, ಎಷ್ಟು ಬೇಕಾದರೂ ಹೊಡೆಯಲಿ! ಆ ಕೈ ಅವಳ ಗದ್ದ ಹಿಡಿಯಿತು.

“ಇನ್ನೊಮ್ಮೆ ಓದ, ನನ್ನವ್ವ.”

ಆಗ ಕದದಾಚೆ ಯಾರೋ ಧಪ್ಪನೆ ಕುಸಿದ ಸದ್ದಾಯಿತು. ಗುರುಸಿದ್ದವ್ವ ಕದ ತೆರೆದರೆ ಪರಸವ್ವ ಹೊಸ್ತಿಲಲ್ಲಿ ಕುಳಿತು ಬಾಯಿಗೆ ಸೆರಗು ತುರುಕಿಕೊಂಡಿದ್ದಳು.

“ನಾನೂ ನೋಡಿದ್ನಿ, ಅತ್ತಿ! ಟಪಾಲಿನಾಂವ ಕೊಟ್ಟಾಗ ಮೂಲಿ ನೋಡಿದ್ನಿ... ನೀವು ಮುಚ್ಚಿಟ್ಟದ್ದೂ ನೋಡಿದ್ನಿ. ನೀವ ಅಳಲಿಲ್ಲ ಅಂದ ಮ್ಯಾಲೆ ನಾ ಹ್ಯಾಂಗ ಅಳಲಿ? ಕುಂಕುಮ ಹಚ್ಚಿಕೊಳ್ಳೂವಾಗ ಕೈ ಸುಟ್ಟಂಗ ಆಗತಿತ್ತು... ನನಗ ಗೊತ್ತೈತಿ ಅಂತ ನಿಮಗ ತಿಳೀಬಾರದಂತ ಹಚ್ಚಿಕೊಂಡ್ನಿ!”

ಅತ್ತೆ ಸೊಸೆ ಒಬ್ಬರನ್ನೊಬ್ಬರು ತಬ್ಬಿಕೊಂಡು ಅತ್ತರು. ತನ್ನ ಸೊಸೆ ಇನ್ನೂ ನೆಲದ ಮೇಲೇ ಇದ್ದಾಳೆಂದು ಗುರುಸಿದ್ದವ್ವನಿಗೆ ಆಮೇಲೆ ಕಂಡಿತು. ಬಾಗಿ ರಟ್ಟೆ ಹಿಡಿದು ಎಬ್ಬಿಸಿದಳು. “ಏಳ ಬೇ, ಮನಿಗೆ ಹೋಗಿ ಎಲ್ಲಾ ಹೊಸಾವು ಬರೀಬೇಕು. ನಾ ಮಡಚಿ ಕೊಡ್ತೇನಿ” ಎಂದಳು.

ಬ್ರಹ್ಮದೇಶದಿಂದ ಇನ್ನೂ ಸುದ್ದಿ ಬಂದಿರಲಿಲ್ಲ. ನಾಳೆಯೋ ನಾಡಿದ್ದೋ ನಿಜವಾದ ಕಾಗದವೇ ಬರಬಹುದು. ಅದು ಅಲ್ಲಿದ್ದ ನಾಲ್ವರಿಗೂ ಗೊತ್ತಿತ್ತು. ಪರಸವ್ವ ಕಣ್ಣೊರೆಸಿಕೊಂಡು ಮುರಿಗೆವ್ವನ ಹತ್ತಿರ ಸರಿದಳು.

“ಅವರ ಹೆಸರು ಎಲ್ಲೈತಿ? ತೋರಸ.”

ಮುರಿಗೆವ್ವ ಅವಳ ಬೆರಳು ಹಿಡಿದು ಆ ಅಕ್ಷರಗಳ ಮೇಲೆ ಇಟ್ಟಳು. ಟಾಂಗಾ ಹೂಡಿ ಮಶಾಕಸಾಬ ಹೊರಗಿನಿಂದ ಕೂಗಿದ, ಮತ್ತೊಮ್ಮೆ ಕೂಗಿದ. ಪರಸವ್ವ ಬೆರಳು ತೆಗೆಯಲಿಲ್ಲ.