ಗುಡ್ಡದ ಹರಕೆ

"ನಿಲ್ಲು! ಓಡಬೇಡ!"

ಹೊಗೆಯಲ್ಲಿ ಮುಂದೆ ಓಡುತ್ತಿದ್ದವರು ನಿಲ್ಲಲಿಲ್ಲ. ಎಡಕ್ಕೆ ಬೆಂಕಿ. ಬಲಕ್ಕೆ ಕೊರಕಲು. ನನ್ನ ಶೂ ಸುಟ್ಟ ವಾಸನೆ ನನಗೇ ಬರುತ್ತಿತ್ತು...

ಜಗಳೂರಿನ ಕಾಡಿಗೆ ಬೆಂಕಿ ಇಡುವವರನ್ನು ಹಿಡಿದುಕೊಡುವುದು ನನ್ನ ಕೆಲಸ ಸ್ವಾಮಿ. ಬೀಡಿ ಎಸೆದವನು, ಹೊಸ ಹುಲ್ಲು ಚಿಗುರಲಿ ಎಂದು ಕಡ್ಡಿ ಗೀರಿದ ಕುರಿಗಾಹಿ, ಮೊಲದ ಬೇಟೆಯವನು... ಎಲ್ಲರ ಕಾಲರ್ ಹಿಡಿದಿದ್ದೇನೆ. ಕರುಣೆ ಗಿರುಣೆ ನನ್ನ ಹತ್ತಿರ ಇಲ್ಲ!

ಹಾರಿ ಹಿಡಿದೆ.

ಕೈಗೆ ಸಿಕ್ಕಿದ್ದು ಸೆರಗು!

ಗಾದ್ರಮ್ಮ. ನಮ್ಮ ಫೈರ್ ವಾಚರ್ ಗಾದ್ರಪ್ಪನ ಹೆಂಡತಿ. ಅವಳ ಕೈಯ ರೊಟ್ಟಿ ಎಷ್ಟೋ ಸಲ ತಿಂದಿದ್ದೇನೆ. ಈಗ ಆ ಕೈಯಲ್ಲಿ ಕುಂಕುಮದ ತಟ್ಟೆ, ಬೆಂಕಿಪೊಟ್ಟಣ.

"ನೀನಾ?! ಯಾಕೆ ತಂಗೀ?"

"ಹರಕೆ, ಅಲ್ತಾಫಣ್ಣ... ಕಾಮಾಲೆ ಆಗಿ ಅವರು ಮಲಗಿದ್ರಲ್ಲ, ಉಳಿಸ್ಕೊಡು, ಗುಡ್ಡಕ್ಕೆ ಬೆಂಕಿ ಕೊಡ್ತೀನಿ ಅಂತ ಬೇಡ್ಕಂಡಿದ್ದೆ. ಎದ್ದು ಕುಂತ್ರು. ತೀರಿಸ್ದೆ ಇದ್ರೆ ಹೆಂಗೆ?"

"ಅವನು ಕಾಯೋ ಕಾಡಿಗೇ?!"

"ಅವರು ಜಗಳೂರಿಗೆ ಹೋಗ್ಯಾರೆ ಅಂತಾನೇ ಇವತ್ತು ಹಚ್ಚಿದೆ. ಸುತ್ತ ಹುಲ್ಲು ಸವರಿ ಅವರೇ ಫೈರ್ ಲೈನ್ ಮಾಡ್ಯಾರಲ್ಲ... ಬೆಂಕಿ ದಾಟಲ್ಲ ಅಂದ್ಕಂಡೆ. ಆರಿಸಾಕೆ ನೋಡಿದೆ, ಆಗ್ಲಿಲ್ಲ..."

ದಾಟಿತ್ತು. ಉರಿಯುವ ತರಗೆಲೆಯನ್ನು ಗಾಳಿ ಎತ್ತಿ ಆಚೆ ಹಾಕಿತ್ತು.

ಫೋನ್ ಬಡಿದುಕೊಂಡಿತು. ಗಾರ್ಡ್ ದುರುಗೇಶ್.

"ಎಲ್ಲಿದೀರಿ? ಗಾದ್ರಪ್ಪ ಬಸ್ಸಿನಾಗಿಂದ ಹೊಗೆ ನೋಡಿ ದಾರೀಲೇ ಇಳಿದಾನೆ! ಬೆಂಕಿ ಬಡಿಯಾಕೆ ಸೊಪ್ಪು ಹಿಡ್ಕಂಡು ಒಳಗೆ ನುಗ್ಗಿದಾನೆ! ಹೊರಗೆ ಬಂದಿಲ್ಲ!"

ಆ ಮಾತು ಅವಳಿಗೂ ಕೇಳಿಸಿತು. ತಟ್ಟೆ ಕೆಳಗೆ ಬಿತ್ತು.

ಗಾದ್ರಪ್ಪ ಸಿಕ್ಕ... ತಾನೇ ಸವರಿದ ಫೈರ್ ಲೈನಿನ ಮೇಲೆ ಬಿದ್ದಿದ್ದ. ಕೈಯಲ್ಲಿದ್ದ ಸೊಪ್ಪಿನಲ್ಲಿ ಎಲೆ ಉಳಿದಿರಲಿಲ್ಲ.

ಜಗಳೂರು ಆಸ್ಪತ್ರೆಯ ಕಡೆ ಜೀಪ್ ಹಾರಿಸಿದೆ. ಹಿಂದಿನ ಸೀಟಿನಲ್ಲಿ ಅವನ ತಲೆ ಅವಳ ತೊಡೆಯ ಮೇಲಿತ್ತು.

"ಅಲ್ತಾಫಣ್ಣ... ಹಚ್ಚಿದೋನು ಸಿಕ್ನಾ?" ಅವನು ಕಣ್ಣು ಬಿಟ್ಟು ಕೇಳಿದ.

ಕನ್ನಡಿಯಲ್ಲಿ ಗಾದ್ರಮ್ಮ ನನ್ನನ್ನೇ ನೋಡುತ್ತಿದ್ದಳು. ಅಳುವುದಕ್ಕೂ ಹೆದರಿದ್ದಳು.

"ಇಲ್ಲ ಕಣಪ್ಪ. ತಪ್ಪಿಸ್ಕಂಡ."

"ಅವನ ಮನೆ ಹಾಳಾಗ!" ಎಂದ ಗಾದ್ರಪ್ಪ.

ಅದೇ ಕೊನೆಯ ಮಾತು. ಜಗಳೂರು ಇನ್ನೂ ದೂರವಿತ್ತು.

ಜೀಪ್ ನಿಲ್ಲಿಸಿದೆ. ಸ್ಟೀರಿಂಗ್ ಮೇಲೆ ತಲೆಯಿಟ್ಟು ಅತ್ತೆ ಸ್ವಾಮಿ, ನಾಚಿಕೆ ಬಿಟ್ಟು ಅತ್ತೆ. ಹಿಂದೆ ಅವಳು ಗಂಡನ ಮುಖದ ಬೂದಿಯನ್ನು ಸೆರಗಿನಿಂದ ಒರೆಸುತ್ತಲೇ ಇದ್ದಳು.

ಈ ಕೆಲಸದಲ್ಲಿ ಬೇಕಾದಷ್ಟು ಶಾಪ ಕೇಳಿದ್ದೇನೆ... ಇಷ್ಟು ಬೇಗ ತಟ್ಟಿದ್ದು ಇದೊಂದೇ!